ಮೂರನೆಯ ರೀಲು

೨೦೦೨ರ ಆಗಸ್ಟ್ ೧೨, ಸೋಮವಾರ. ಬೆಳಿಗ್ಗೆ ೮.೪೦ಕ್ಕೆ ಶಿಯೊದೆ ಪೊಲೀಸ್ ಠಾಣೆಗೆ ಬಂದ ಕರೆಯನ್ನು ಇನ್ಸ್‌ಪೆಕ್ಟರ್ ಕುರಾಮೊಚಿ ಸಯೊ ತಾನೇ ಎತ್ತಿಕೊಂಡಳು. ಓಬೊನ್ ಹಬ್ಬದ ವಾರ. ಹಿರಿಯರ ಸಮಾಧಿ ತೊಳೆಯಲೆಂದು ಅರ್ಧ ಠಾಣೆ ರಜೆ ಹಾಕಿ ಊರುಗಳಿಗೆ ಹೋಗಿತ್ತು.

“ಪಟ್ಟಣದ ವಸ್ತುಸಂಗ್ರಹಾಲಯದಿಂದ ತಾಜಿಮಾ ಮಾತಾಡ್ತಿರೋದು, ಉಪನಿರ್ದೇಶಕ. ನಮ್ಮ ದಾಸ್ತಾನು ಕೋಣೆಯಿಂದ ಒಂದು ಡಬ್ಬಿ ಕಾಣೆಯಾಗಿದೆ.”

“ಎಂಥ ಡಬ್ಬಿ?”

“ಸಿನಿಮಾ ರೀಲಿಂದು. ಪೇಪರಿನಲ್ಲೆಲ್ಲ ಬಂದಿತ್ತಲ್ಲ, ಅದೇ.”

ಬಂದದ್ದು ಅವಳಿಗೆ ನೆನಪಿತ್ತು. ಏಪ್ರಿಲ್‌ನಲ್ಲಿ ಬಂದರು ಬೀದಿಯ ಹಳೆಯ ಚಿತ್ರಮಂದಿರ ಕೆಡವುವಾಗ ವೇದಿಕೆಯ ಹಲಗೆಗಳ ಕೆಳಗೆ ತುಕ್ಕು ಹಿಡಿದ ತಗಡಿನ ಡಬ್ಬಿಯೊಂದು ಸಿಕ್ಕಿತ್ತು. ೧೯೧೪ರಲ್ಲಿ ಇದೇ ಊರಿನ ಉಪ್ಪಿನ ದಡದಲ್ಲಿ ತೆಗೆದ ಮೂಕಿ ಚಿತ್ರದ ಮೂರನೆಯ ರೀಲು ಅದರಲ್ಲಿತ್ತು. ನಾಲ್ಕು ರೀಲಿನ ಚಿತ್ರದಲ್ಲಿ ಉಳಿದದ್ದು ಅದೊಂದೇ. ಚಿತ್ರದ ಹೆಸರು ಯಾರಿಗೂ ತಿಳಿಯದು, ಏಕೆಂದರೆ ಹೆಸರು ಇದ್ದದ್ದು ಮೊದಲ ರೀಲಿನಲ್ಲಿ.

ಕುರಾಮೊಚಿ ಹೇಳಿಕೆಯನ್ನು ಬರೆದುಕೊಂಡು, ಬರೆದದ್ದನ್ನು ಒಮ್ಮೆ ಓದಿ ಹೇಳಿ, ಫೋನಿಟ್ಟ ಮೇಲೆ ಮತ್ತೊಮ್ಮೆ ಓದಿಕೊಂಡಳು. ನಲವತ್ತೊಂದು ವರ್ಷದ ಅವಳಿಗೆ ಇದು ಹಳೆಯ ಚಾಳಿ. ಮನೆಗೆ ಬೀಗ ಹಾಕಿ, ಎಳೆದು ನೋಡಿ, ಬಸ್ ನಿಲ್ದಾಣದಿಂದ ವಾಪಸು ಬಂದು ಮತ್ತೆ ಎಳೆದು ನೋಡುವವಳು ಎಂದು ಠಾಣೆಯಲ್ಲಿ ಅವಳ ಬೆನ್ನ ಹಿಂದೆ ಹೇಳುತ್ತಿದ್ದರು. ಅದು ಸುಳ್ಳೂ ಆಗಿರಲಿಲ್ಲ.

ಎಫ್‌ಐಆರ್ ದಾಖಲಿಸಿ, ಕಾನ್ಸ್‌ಟೇಬಲ್ ಉಕಾಯ್‌ನನ್ನು ಕರೆದುಕೊಂಡು ಅವಳು ೯.೧೫ಕ್ಕೆ ಸ್ಥಳಕ್ಕೆ ತಲುಪಿದಳು.

ವಸ್ತುಸಂಗ್ರಹಾಲಯ ಹಿಂದೊಮ್ಮೆ ಬಂದರು ಕಚೇರಿಯಾಗಿದ್ದ ಎರಡಂತಸ್ತಿನ ಕಟ್ಟಡ. ಶುಕ್ರವಾರ ಸಂಜೆ ಮುಚ್ಚಿದ್ದು ಹತ್ತೊಂಬತ್ತರವರೆಗೆ ತೆರೆಯುವಂತಿರಲಿಲ್ಲ. ತಾಜಿಮಾ ಮನೆಯ ಪೂಜಾಪೆಟ್ಟಿಗೆಗೆ ಬೇಕಾದ ಲಾಂದ್ರವೊಂದನ್ನು ಮೇಜಿನ ಬಳಿ ಮರೆತು ಹೋಗಿದ್ದ. ಅದನ್ನು ಒಯ್ಯಲು ಬಂದವನ ಕಣ್ಣಿಗೆ ದಾಸ್ತಾನು ಕೋಣೆಯ ಖಾಲಿ ಕಪಾಟು ಬಿದ್ದಿತ್ತು.

ಬಾಗಿಲು ಒಡೆದಿರಲಿಲ್ಲ. ಕಿಟಕಿಗಳು ಭದ್ರವಾಗಿದ್ದವು.

“ಹಿಂಬಾಗಿಲ ಕೀ ಯಾರ್ಯಾರ ಹತ್ರ ಇರುತ್ತೆ?”

“ನನ್ನ ಹತ್ರ ಒಂದು, ನಿರ್ದೇಶಕರ ಹತ್ರ ಒಂದು.” ತಾಜಿಮಾ ಕುತ್ತಿಗೆ ಒರೆಸಿಕೊಂಡ. “ಇನ್ನೊಂದು ನೀರಿನ ಮೀಟರಿನ ಪೆಟ್ಟಿಗೆಯಲ್ಲಿ.”

“ಅಲ್ಲಿರೋದು ಎಷ್ಟು ಜನಕ್ಕೆ ಗೊತ್ತು?”

“ಊರಿಗೇ ಗೊತ್ತು ಅನ್ನಿ.”

ಉಕಾಯ್ ಹಿಂಬಾಗಿಲ ಬಳಿ ಕುಕ್ಕರಗಾಲಿನಲ್ಲಿ ಕೂತು ಏನನ್ನೋ ನೋಡುತ್ತಿದ್ದ. “ಮೇಡಂ, ಇಲ್ನೋಡಿ. ಒಳಗೆ ಓಡಾಡೋ ಚಪ್ಪಲಿ ಎಲ್ಲ ಗೂಡಿನಲ್ಲಿವೆ. ಒಂದು ಜೊತೆ ಮಾತ್ರ ಕೆಳಗೆ, ಮುಂದಿನವರು ಕಾಲು ತೂರಿಸೋಕೆ ಸಲೀಸಾಗೋ ಹಾಗೆ ತಿರುಗಿಸಿಟ್ಟಿದೆ.”

“ನೀವು ಇಟ್ಟಿದ್ದಾ, ತಾಜಿಮಾ ಅವರೇ?”

“ನಾನು ಇವತ್ತು ಮುಂಬಾಗಿಲಿಂದ ಬಂದೆ.”

“ಅಂದ್ರೆ ಕಳ್ಳ ಬಂದು, ಬೂಟು ಬಿಚ್ಚಿ, ಚಪ್ಪಲಿ ಹಾಕ್ಕೊಂಡು, ಕದ್ದು, ಹೋಗುವಾಗ ಮುಂದೆ ಬರೋ ಕಳ್ಳನಿಗೆ ಅನುಕೂಲ ಮಾಡಿಟ್ಟು ಹೋಗಿದ್ದಾನೆ,” ಎಂದ ಉಕಾಯ್. “ನಮ್ಮ ಅತ್ತೆ ನೋಡಿದ್ರೆ ಅವನನ್ನೇ ಅಳಿಯನ್ನ ಮಾಡ್ಕೋತಿದ್ರು.”

ಕುರಾಮೊಚಿ ನಗಲಿಲ್ಲ. ಚಪ್ಪಲಿಯ ಚಿತ್ರ ತೆಗೆಸಿ ಒಳಗೆ ಹೋದಳು. ದಾಸ್ತಾನು ಕೋಣೆಯ ಗಾಳಿ ಬಿಸಿಯಾಗಿತ್ತು. ಅದರಲ್ಲಿ ಹಳೆಯ ಉಪ್ಪಿನಕಾಯಿ ಜಾಡಿಯ ಮುಚ್ಚಳ ತೆಗೆದಂಥ ಹುಳಿ ವಾಸನೆ ಇನ್ನೂ ಉಳಿದಿತ್ತು. ಗೋಡೆಯ ಉಷ್ಣಮಾಪಕ ಮೂವತ್ತಾರು ತೋರಿಸುತ್ತಿತ್ತು. ಕಪಾಟಿನ ಮಧ್ಯದ ಹಲಗೆಯ ಮೇಲೆ ತುಕ್ಕಿನ ಒಂದು ಉಂಗುರ. ಅದರ ಪಕ್ಕದಲ್ಲಿ ದಪ್ಪ ಪ್ಲಾಸ್ಟಿಕ್ ಚೀಲವೊಂದನ್ನು ನಾಲ್ಕು ಮಡಿಕೆ ಮಾಡಿ, ಮೇಲೊಂದು ರಬ್ಬರ್ ಬ್ಯಾಂಡ್ ಇಟ್ಟಿದ್ದರು.

“ಇದೇನು?”

“ಡಬ್ಬಿಯನ್ನ ಅದರೊಳಗೆ ಹಾಕಿ ಗಾಳಿ ಆಡದ ಹಾಗೆ ಕಟ್ಟಿಟ್ಟಿದ್ವಿ. ಧೂಳು ಕೂರಬಾರದು ಅಂತ.”

ಕುರಾಮೊಚಿ ಚೀಲವನ್ನೇ ನೋಡುತ್ತ ನಿಂತಳು. ಮಾರಲು ಕದ್ದವನು ಚೀಲದ ಸಮೇತ ಎತ್ತಿಕೊಂಡು ಹೋಗುತ್ತಾನೆ. ಕೈಗೆ ತುಕ್ಕೂ ಅಂಟುವುದಿಲ್ಲ. ಇವನು ನಿಂತು, ಬಿಚ್ಚಿ, ಡಬ್ಬಿಯನ್ನು ಹಲಗೆಯ ಮೇಲಿಟ್ಟು, ಚೀಲ ಮಡಿಸಿ, ಬರೀ ಡಬ್ಬಿಯನ್ನು ಒಯ್ದಿದ್ದಾನೆ. ಆ ಚೀಲ ಇರಬಾರದು ಎಂದು ಅವನಿಗೆ ಅನಿಸಿದೆ. ಅಥವಾ ಅವನಿಗೆ ಗೊತ್ತಿದೆ.

ಪಕ್ಕದ ಎರಡು ಅಂಗಡಿಯವರನ್ನು ಪಂಚರನ್ನಾಗಿ ಕರೆದು ೧೦.೦೫ಕ್ಕೆ ಸ್ಥಳ ಪಂಚನಾಮೆ ಮುಗಿಸಿದರು.

“ತಂಪುಯಂತ್ರ ಯಾವಾಗ ಆರಿಸಿದ್ರಿ?” ಎಂದು ಕೇಳಿದಳು.

“ಶುಕ್ರವಾರ ಸಂಜೆ ಆರಕ್ಕೆ. ರಜೆಯಲ್ಲಿ ವಿದ್ಯುತ್ ಉಳಿಸಬೇಕು ಅಂತ ಪುರಸಭೆಯ ಆದೇಶ ಇದೆ.”

“ಆ ರೀಲಿಗೆ ಸಂಬಂಧಪಟ್ಟ ಕಾಗದ ಎಲ್ಲ ಕೊಡಿ. ಆಯ್ದು ಕೊಡಬೇಡಿ. ಫೈಲು ಪೂರ್ತಿ.”

ಫೈಲು ತೆಳ್ಳಗಿತ್ತು. ಸ್ವೀಕೃತಿ ಪತ್ರ, ಟೋಕಿಯೋದ ಸಂಶೋಧಕಿಯೊಬ್ಬರ ವರದಿ, ಪತ್ರಿಕೆಯ ತುಣುಕು, ಕೊನೆಯಲ್ಲಿ ಕೈಬರಹದ ಮೂರು ಪತ್ರಗಳು. ಜೂನ್ ೩, ಜೂನ್ ೨೪, ಜುಲೈ ೧೫. ಮೂರಕ್ಕೂ ಕೆಳಗೆ ‘ಇನಾಬೆ ಶುಸಾಕು’ ಎಂಬ ಸಹಿ. ಪ್ರತಿ ಪತ್ರದ ತಲೆಯ ಮೇಲೂ ಕಚೇರಿಯಲ್ಲಿ ಮೇಜಿನಿಂದ ಮೇಜಿಗೆ ಸುತ್ತಿಬರುವ ಚೀಟಿ ಅಂಟಿಸಿತ್ತು. ಚೀಟಿಯಲ್ಲಿ ಏಳು ಚೌಕಗಳು, ಏಳರಲ್ಲೂ ‘ನೋಡಿದ್ದೇನೆ’ ಎಂದು ಸಹಿಯ ಬದಲು ಒತ್ತುವ ಕೆಂಪು ಮುದ್ರೆಗಳು. ನಿರ್ದೇಶಕರ ಮುದ್ರೆ ನೆಟ್ಟಗೆ ನಿಂತಿತ್ತು. ಉಳಿದವು ವಾಡಿಕೆಯಂತೆ ಒಂದಕ್ಕಿಂತ ಒಂದು ಸ್ವಲ್ಪ ಹೆಚ್ಚು ವಾಲಿ ಅದರತ್ತ ತಲೆ ಬಾಗಿಸಿದ್ದವು.

ಮೊದಲ ಪತ್ರದಲ್ಲಿ ಹೀಗಿತ್ತು: ‘ಈ ಹಳೆಯ ಫಿಲ್ಮು ನೈಟ್ರೇಟಿನದು. ಅದು ಒಳಗೊಳಗೇ ಅನಿಲ ಬಿಡುತ್ತದೆ. ಅದಕ್ಕೆ ಉಸಿರಾಡಲು ಜಾಗ ಬೇಕು. ದಯವಿಟ್ಟು ಪ್ಲಾಸ್ಟಿಕ್ಕಿನಲ್ಲಿ ಕಟ್ಟಬೇಡಿ.’ ಎರಡನೆಯದರಲ್ಲಿ: ‘ಬಿಸಿ ನಲವತ್ತು ಡಿಗ್ರಿಯ ಹತ್ತಿರ ಹೋದರೆ ಕೆಟ್ಟ ಫಿಲ್ಮು ತಾನಾಗಿಯೇ ಹೊತ್ತಿಕೊಳ್ಳಬಹುದು. ಹೊತ್ತಿಕೊಂಡರೆ ನೀರಿನಿಂದ ಆರುವುದಿಲ್ಲ.’ ಮೂರನೆಯದು ಚಿಕ್ಕದು. ‘ಓಬೊನ್ ರಜೆಯಲ್ಲಿ ತಂಪುಯಂತ್ರ ಆರಿಸುವುದಿದ್ದರೆ ಮುಂಚೆ ತಿಳಿಸಿ. ನಾನು ಬಂದು ಅದರ ಪಕ್ಕದಲ್ಲಿ ಕೂರುತ್ತೇನೆ. ನನಗೆ ಬೇರೆ ಕೆಲಸವಿಲ್ಲ.’

“ಇದನ್ನ ಓದಿದ್ರಾ?” ಎಂದಳು.

“ನನ್ನ ಮುದ್ರೆ ಇದೆಯಲ್ಲ, ಆರನೇದು.”

“ಓದಿದ್ರಾ ಅಂತ ಕೇಳಿದ್ದು.”

“ನನ್ನ ಮುಂಚೆ ಐದು ಮುದ್ರೆ ಇತ್ತು. ಅವರು ಯಾರಾದ್ರೂ ಓದಿರ್ತಾರೆ ಅಂದ್ಕೊಂಡೆ. ಮೇಲಿನವರು ಕೆಳಗಿನ ಆರು ಜನ ಓದಿರ್ತಾರೆ ಅಂದ್ಕೊಂಡಿರ್ತಾರೆ.”

“ಮೊದಲನೇ ಮುದ್ರೆ ಯಾರದು?”

“ಸ್ವಾಗತ ಮೇಜಿನ ಹುಡುಗಿದು. ಮೇಲಿನವರು ಓದ್ತಾರೆ ಅಂದ್ಕೊಂಡಿರ್ತಾಳೆ.” ಅವನ ದನಿ ಇಳಿಯಿತು. “ಇನಾಬೆ ಅಂದ್ರೆ ಆ ಚಿತ್ರಮಂದಿರದ ಕೊನೇ ಆಪರೇಟರ್ರು. ಐವತ್ತು ವರ್ಷದ ಹಿಂದೆ ಹಳೇ ಫಿಲ್ಮೆಲ್ಲ ಸುಟ್ಟುಹಾಕಿ ಅಂತ ಆದೇಶ ಬಂದಾಗ ಈ ರೀಲನ್ನ ಬಚ್ಚಿಟ್ಟು ಉಳಿಸಿದವರು. ಮೇ ತಿಂಗಳಲ್ಲಿ ಪುರಸಭೆ ಅವರಿಗೆ ಪ್ರಶಸ್ತಿಪತ್ರ ಕೊಟ್ಟಿತು. ಅಂಥವರು ಕದೀತಾರಾ?”

ಕುರಾಮೊಚಿ ಮೂರು ಪತ್ರಗಳನ್ನೂ ಮುದ್ರೆಗಳ ಸಮೇತ ಜಪ್ತಿ ಪಟ್ಟಿಗೆ ಸೇರಿಸಿದಳು.

“ಅವು ಬೇಕೇ ಬೇಕಾ?” ಎಂದ ತಾಜಿಮಾ, ನೆಲ ನೋಡುತ್ತ.

“ಬೇಕು.”

೧೧.೨೦ಕ್ಕೆ ಠಾಣೆಯಿಂದ ಟೋಕಿಯೋದ ಸಂಶೋಧಕಿ ಅರಿಮೊರಿಗೆ ಫೋನು ಮಾಡಿದಳು. ಕಳುವಿನ ಸುದ್ದಿ ಕೇಳಿ ಅರಿಮೊರಿ ಕೇಳಿದ ಮೊದಲ ಪ್ರಶ್ನೆ, “ಈಗ ಅದು ಇರೋ ಜಾಗದಲ್ಲಿ ಎಷ್ಟು ಬಿಸಿ ಇದೆ?”

“ಗೊತ್ತಿಲ್ಲ. ಅದರ ಕಾಪಿ ಇದೆಯಾ?”

“ಇಲ್ಲ. ಅಕ್ಟೋಬರ್‌ಗೆ ಲ್ಯಾಬಿನಲ್ಲಿ ಸರದಿ ಸಿಕ್ಕಿತ್ತು. ಮೇ ತಿಂಗಳಲ್ಲಿ ನಾನೇ ಬಂದು, ಬೆಳಕಿನ ಮೇಜಿನ ಮೇಲೆ ಫಿಲ್ಮಿನ ಒಂದೊಂದೇ ಚೌಕ ನೋಡಿ ಟಿಪ್ಪಣಿ ಮಾಡ್ಕೊಂಡೆ. ಅಷ್ಟೇ ಇರೋದು.”

“ಅದು ಅಷ್ಟು ದೊಡ್ಡ ವಿಷಯ ಯಾಕೆ? ನನಗೆ ಸಿನಿಮಾ ಗೊತ್ತಾಗಲ್ಲ, ಬಿಡಿಸಿ ಹೇಳಿ.”

“ಆ ಕಾಲದ ನಮ್ಮ ಸಿನಿಮಾಗಳಲ್ಲಿ ಉಳಿದಿರೋದು ಬೆರಳೆಣಿಕೆ. ಭೂಕಂಪಕ್ಕೆ ಹೋದವು, ಯುದ್ಧಕ್ಕೆ ಹೋದವು, ಉಳಿದದ್ದನ್ನ ನಾವೇ ಸುಟ್ವಿ. ಆಗ ಹೆಣ್ಣಿನ ಪಾತ್ರ ಮಾಡ್ತಿದ್ದದ್ದು ಗಂಡಸರು. ಕ್ಯಾಮೆರಾ ನಾಟಕ ನೋಡೋಕೆ ಬಂದವನ ಹಾಗೆ ಒಂದೇ ಕಡೆ ಕೂತುಬಿಡ್ತಿತ್ತು. ನಿಮ್ಮೂರಿನ ರೀಲಲ್ಲೂ ನಾಯಕಿ ಗಂಡಸೇ. ದಡದ ಮೇಲೆ ಅಳ್ತಾ ಕೂತಿರ್ತಾನೆ. ಅವನ ಹಿಂದೆ ಉಪ್ಪು ಕೆರೆಯೋ ಹೆಂಗಸರಿದ್ದಾರೆ. ಅವರು ನಿಜವಾದ ಹೆಂಗಸರು, ನಿಮ್ಮೂರವರು. ಕ್ಯಾಮೆರಾ ನಡು ಮಧ್ಯ ನಾಯಕಿಯನ್ನ ಅಲ್ಲೇ ಬಿಟ್ಟು ಅವರಲ್ಲಿ ಒಬ್ಬಳ ಹತ್ರ ಹೋಗುತ್ತೆ. ಮುಖ ತುಂಬ ಬರೋಷ್ಟು ಹತ್ರ. ಅವಳು ಹಣೆ ಒರೆಸ್ಕೋತಾಳೆ, ನಮ್ಮನ್ನ ನೋಡ್ತಾಳೆ, ‘ಏನು ನೋಡ್ತಿದ್ದೀಯ, ಹೋಗು’ ಅನ್ನೋ ಥರ ಏನೋ ಅಂತಾಳೆ. ಹನ್ನೊಂದು ಸೆಕೆಂಡು.”

“ಹನ್ನೊಂದು ಸೆಕೆಂಡಿಗೆ ಇಷ್ಟೊಂದಾ?”

“ನಮ್ಮ ಸಿನಿಮಾ ನಾಟಕದ ಅಂಗಳ ದಾಟಿದ್ದು ಯಾವಾಗ ಅಂತ ಪುಸ್ತಕಗಳಲ್ಲಿ ಒಂದು ವರ್ಷ ಬರೆದಿಟ್ಟಿದ್ದೀವಿ. ಆ ಹೆಂಗಸು ಅದನ್ನ ಹಿಂದಕ್ಕೆ ತಳ್ಳಿಬಿಡ್ತಾಳೆ. ಆದರೆ ನೋಡಿದವಳು ನಾನೊಬ್ಬಳೇ. ರೀಲು ಹೋದ್ರೆ ಅದು ನಾನು ಕಂಡ ಕನಸು ಅಷ್ಟೇ.” ಆಕೆ ಉಸಿರು ಬಿಟ್ಟದ್ದು ಕೇಳಿಸಿತು. “ಕಳ್ಳ ಯಾರು ಅಂತ ನನಗೆ ಬೇಕಿಲ್ಲ, ಇನ್ಸ್‌ಪೆಕ್ಟರ್. ತಂಪಾದ ಕಡೆ ಇಟ್ಟಿದ್ದಾನಾ ಅಂತ ಅಷ್ಟು ನೋಡಿ.”

ಮಧ್ಯಾಹ್ನ ೧ ಗಂಟೆಗೆ ಅವರು ಇನಾಬೆಯ ಮನೆ ಮುಟ್ಟಿದರು. ಗುಡ್ಡದ ಬುಡದ ಚಿಕ್ಕ ಮನೆ. ಮುಂದೆ ಬದನೆಯ ನಾಲ್ಕು ಗಿಡ. ಬಾಗಿಲು ತೆರೆದವಳು ಹೆಂಡತಿ ಚಿಯೊನೊ. ಸಮವಸ್ತ್ರ ಕಂಡು ಹೆದರುವ ಬದಲು ಉಕಾಯ್‌ನ ಬೆವರು ನೋಡಿ ಕನಿಕರಿಸಿದಳು.

“ಒಳಗೆ ಬಾರಪ್ಪ, ಬೆಂದ ಬಟಾಟೆ ಹಾಗಾಗಿದ್ದೀಯ. ಬಾರ್ಲಿ ಚಹಾ ತಣ್ಣಗಿದೆ. ರೀಲಿನ ವಿಷಯ ತಾನೆ? ಬೆಳಿಗ್ಗೆನೇ ಮೀನಂಗಡಿಯಲ್ಲಿ ಕೇಳಿದೆ. ಇವರನ್ನ ಕೇಳಿ, ಸಿಗುತ್ತೆ. ಆ ಡಬ್ಬಿ ಸಿಕ್ಕಿದಾಗಿನಿಂದ ಇವರು ನನ್ನ ಜೊತೆ ಮಾತಾಡಿದ್ದು ಅಷ್ಟಕ್ಕಷ್ಟೇ. ಎಲ್ಲ ಅದರ ಜೊತೆನೇ.”

“ಚಿಯೊನೊ, ಸುಮ್ಮನಿರು,” ಎಂದು ಒಳಗಿನಿಂದ ದನಿ ಬಂತು.

ಇನಾಬೆ ಶುಸಾಕು ಎಪ್ಪತ್ತಮೂರರ ಸಣಕಲು ಮನುಷ್ಯ. ಚಿತ್ರಮಂದಿರ ಮುಚ್ಚಿದ ಮೇಲೆ ಮೂವತ್ತು ವರ್ಷ ಪೇರು ಹಣ್ಣು ಬೆಳೆಗಾರರ ಸಹಕಾರ ಸಂಘದಲ್ಲಿ ಯಂತ್ರ ನೋಡಿಕೊಂಡಿದ್ದವನು. ಚಾಪೆಯ ಮೇಲೆ ಮಂಡಿಯೂರಿ ಕೂತಿದ್ದ. ಎದುರಿನ ಬಟ್ಟಲಿನಲ್ಲಿ ತಣ್ಣನೆಯ ಶಾವಿಗೆ ಮುಟ್ಟದೆ ಉಳಿದಿತ್ತು.

“ಇನಾಬೆಯವರೇ, ಶುಕ್ರವಾರ ಸಂಜೆಯಿಂದ ಈಚೆಗೆ ಎಲ್ಲೆಲ್ಲಿ ಹೋಗಿದ್ರಿ?”

“ವಸ್ತುಸಂಗ್ರಹಾಲಯಕ್ಕೆ. ಶನಿವಾರ ಬೆಳಿಗ್ಗೆ ಆರು ಇಪ್ಪತ್ತಕ್ಕೆ ಹೋದೆ. ಹದಿನೈದು ನಿಮಿಷ ಇದ್ದೆ.”

ಉಕಾಯ್‌ನ ಪೆನ್ನು ನಿಂತಿತು. ಇಷ್ಟು ಬೇಗ ಒಪ್ಪಿಕೊಳ್ಳುವವರನ್ನು ಅವನು ನೋಡಿರಲಿಲ್ಲ.

“ಯಾಕೆ ಹೋದ್ರಿ?”

“ಶುಕ್ರವಾರ ಸಂಜೆ ಫೋನು ಮಾಡಿದೆ. ರಜೆ ಅಂತ ಯಂತ್ರ ಹೇಳಿತು. ಬೆಳಿಗ್ಗೆ ಹೋಗಿ ನೋಡಿದ್ರೆ, ಸೂರ್ಯ ಹುಟ್ಟಿ ಒಂದು ಗಂಟೆ ಆಗಿಲ್ಲ, ಕೋಣೆಯಲ್ಲಿ ಮೂವತ್ತಮೂರು.”

“ಯಾರಿಗಾದ್ರೂ ಹೇಳಬಹುದಿತ್ತಲ್ಲ?”

“ಹೇಳಿದ್ದೆ. ಮೂರು ಸಲ.”

“ರೀಲು ಎಲ್ಲಿದೆ?”

ಇನಾಬೆ ಚಹಾದ ಲೋಟವನ್ನು ಒಂದು ಬೆರಳಗಲ ಸರಿಸಿದ. “ಹೇಳಿದ್ರೆ ಏನು ಮಾಡ್ತೀರಿ?”

“ಜಪ್ತಿ ಮಾಡ್ತೀವಿ.”

“ಮಾಡಿ ಎಲ್ಲಿಡ್ತೀರಿ?”

“ಠಾಣೆಯ ಸಾಕ್ಷ್ಯ ಕೋಣೆಯಲ್ಲಿ.”

“ಅಲ್ಲಿ ಎಷ್ಟು ಡಿಗ್ರಿ?”

ಕುರಾಮೊಚಿಗೆ ಗೊತ್ತಿರಲಿಲ್ಲ. ಹದಿನೇಳು ವರ್ಷದ ಸೇವೆಯಲ್ಲಿ ಆ ಕೋಣೆಗೆ ನೂರಾರು ಸಲ ಹೋಗಿದ್ದಳು. ಈ ಪ್ರಶ್ನೆ ಮಾತ್ರ ಅವಳಿಗೆ ಹೊಳೆದಿರಲಿಲ್ಲ.

“ನೀವು ನೋಡಿ ಬಂದು ಹೇಳಿ,” ಎಂದ ಇನಾಬೆ. “ಆಮೇಲೆ ನಾನು ಹೇಳ್ತೀನಿ. ಓಡಿಹೋಗಲ್ಲ. ಬೇಕಾದ್ರೆ ಠಾಣೆಗೇ ಬಂದು ಕೂರ್ತೀನಿ.”

“ಓಡೋದಾ?” ಎಂದಳು ಚಿಯೊನೊ, ಬೆತ್ತದ ಬೀಸಣಿಗೆಯಿಂದ ಗಂಡನತ್ತ ತೋರಿಸುತ್ತ. “ಪಕ್ಕದ ಮನೆ ಬೆಕ್ಕು ಎದುರು ಬಂದ್ರೂ ಬದಿಗೆ ನಿಂತು ದಾರಿ ಬಿಡೋ ಮನುಷ್ಯ ಇವರು. ಕಳ್ಳತನಕ್ಕೂ ಬೂಟು ಬಿಚ್ಚಿ ಹೋಗಿರ್ತಾರೆ.”

ಉಕಾಯ್ ಕೆಮ್ಮಿದ. ಇನಾಬೆ ಎದ್ದು, ಹೆಂಡತಿ ಮಡಿಸಿಕೊಟ್ಟ ಕರವಸ್ತ್ರವನ್ನು ಜೇಬಿಗೆ ಹಾಕಿಕೊಂಡು, ತಾನೇ ಮುಂದಾಗಿ ಜೀಪಿನತ್ತ ನಡೆದ.

ಸಾಕ್ಷ್ಯ ಕೋಣೆ ಠಾಣೆಯ ಎರಡನೇ ಮಹಡಿಯಲ್ಲಿ, ತಗಡಿನ ಸೂರಿನ ಕೆಳಗೆ. ೨.೩೦ಕ್ಕೆ ಕುರಾಮೊಚಿ ಕೆಳಗಿನ ಕಚೇರಿಯ ಗೋಡೆಯ ಉಷ್ಣಮಾಪಕವನ್ನು ಬಿಚ್ಚಿಕೊಂಡು ಹೋಗಿ ಅಲ್ಲಿಟ್ಟು ಹತ್ತು ನಿಮಿಷ ನಿಂತಳು. ಮೂವತ್ತೊಂಬತ್ತು. ಕೆಳಗೆ ಲಾಕಪ್ಪು, ಆಚೆ ಸಿಬ್ಬಂದಿ ಮಲಗುವ ಕೋಣೆ.

ನಿಯಮ ಸ್ಪಷ್ಟವಿತ್ತು. ಜಪ್ತಿಯಾದ ವಸ್ತು ಅದೇ ದಿನ ಸಾಕ್ಷ್ಯ ಕೋಣೆಗೆ ಬರಬೇಕು. ಬೇರೆಡೆ ಇಡಬೇಕೆಂದರೆ ಕಾರಣ ಬರೆದು, ಸಾಕ್ಷ್ಯ ಕೋಣೆಯ ಉಸ್ತುವಾರಿಯ ಮತ್ತು ಠಾಣಾಧಿಕಾರಿಯ ಒಪ್ಪಿಗೆ ಪಡೆಯಬೇಕು. ಇಬ್ಬರೂ ರಜೆಯಲ್ಲಿದ್ದರು. ಕಾಗದವನ್ನು ಅವರ ಮೇಜಿನ ತಟ್ಟೆಯಲ್ಲಿಟ್ಟರೆ ಹತ್ತೊಂಬತ್ತಕ್ಕೆ ಬಂದು ಮುದ್ರೆ ಒತ್ತುತ್ತಾರೆ. ರೀಲನ್ನು ಇಲ್ಲಿಗೆ ತಂದರೆ ಯಾರೂ ಅವಳನ್ನು ಏನೂ ಅನ್ನುವಂತಿಲ್ಲ. ತರದೆ ಬಿಟ್ಟು ಏನಾದರೂ ಆದರೆ ಮೊದಲ ಹೆಸರು ಅವಳದೇ. ಈ ಲೆಕ್ಕವನ್ನು ಅವಳು ಎರಡು ಸಲ ಮಾಡಿದಳು. ಆಮೇಲೆ ಕೂತು ಅರ್ಜಿ ಬರೆದಳು, ಒಂದೂವರೆ ಪುಟ. ಅದನ್ನು ಯಾರ ತಟ್ಟೆಯಲ್ಲೂ ಇಡಲಿಲ್ಲ. ಕೈಯಲ್ಲಿ ಹಿಡಿದುಕೊಂಡು ಹೊರಟಳು.

ಉಸ್ತುವಾರಿ ಹೊಸಾಕಾ ಮನೆಯಂಗಳದಲ್ಲಿ ಸೌತೆಕಾಯಿಗೆ ಕಡ್ಡಿ ಚುಚ್ಚಿ ಹಿರಿಯರು ಹತ್ತಿ ಬರುವ ಕುದುರೆ ಮಾಡುತ್ತಿದ್ದ.

“ಎಲ್ಲಿ ಒತ್ತಬೇಕು ಹೇಳಿ,” ಎಂದು ಮುದ್ರೆ ತೆಗೆದ.

“ಮೊದಲು ಓದಿ, ಹೊಸಾಕಾ ಅವರೇ.”

“ನೀವು ಬರೆದಿದ್ದೀರಿ ಅಂದ ಮೇಲೆ ಸರಿಯಾಗೇ ಇರುತ್ತೆ.”

“ಇಲ್ಲ. ಓದಿ. ನಾನು ಕಾಯ್ತೀನಿ.”

ಅವನು ಬೇಸರದಿಂದ ಶುರು ಮಾಡಿದ. ಅರ್ಧಕ್ಕೆ ಬಂದಾಗ ಕೈಯಲ್ಲಿದ್ದ ಸೌತೆಕಾಯಿ ಕೆಳಗಿಟ್ಟ. “ನನ್ನ ಕೋಣೆ ಮೂವತ್ತೊಂಬತ್ತಾ? ಹಾಗಂತ ನನಗ್ಯಾರೂ ಹೇಳೇ ಇಲ್ವಲ್ಲ.” ಮುದ್ರೆ ಬಿತ್ತು.

ಠಾಣಾಧಿಕಾರಿ ಸೊನೊಡಾ ಸಿಕ್ಕಿದ್ದು ಗುಡ್ಡದ ಮೇಲಿನ ಸಮಾಧಿಗಳ ನಡುವೆ, ೪.೫೦ಕ್ಕೆ. ಪ್ಯಾಂಟು ಮಂಡಿಯವರೆಗೆ ಮಡಿಸಿ, ಮನೆತನದ ಕಲ್ಲಿಗೆ ಸೌಟಿನಿಂದ ನೀರು ಹೊಯ್ಯುತ್ತಿದ್ದ.

“ಠಾಣೆ ನನ್ನ ಬೆನ್ನು ಹತ್ತಿ ಇಲ್ಲಿಗೂ ಬಂತಾ? ನಾನಿನ್ನೂ ಕಲ್ಲಿನ ಈಚೆ ಇದ್ದೀನಿ, ಕುರಾಮೊಚಿ.”

“ಒಂದು ಕಾಗದ ಇದೆ, ಸಾರ್.”

“ಕನ್ನಡಕ ತಂದಿಲ್ಲ. ಕೊಡು, ಒತ್ತಿಬಿಡ್ತೀನಿ.”

“ನಾನೇ ಓದ್ತೀನಿ, ಸಾರ್. ಕೇಳಿ.”

ಅವಳು ಓದಿದಳು. ಊದುಬತ್ತಿಯ ಹೊಗೆ ಕಣ್ಣಿಗೆ ಬರುತ್ತಿತ್ತು. ಪಕ್ಕದ ಸಮಾಧಿಯ ಮುಂದಿದ್ದ ಮುದುಕಿಯೂ ಕೈಮುಗಿದುಕೊಂಡೇ ಇತ್ತ ಕಿವಿ ಕೊಟ್ಟಿದ್ದಳು. ಸೊನೊಡಾ ಸೌಟನ್ನು ಬಕೆಟ್ಟಿಗೆ ಹಾಕಿದ.

“ನಮ್ಮ ಠಾಣೆಗೆ ಬೆಂಕಿ ಹತ್ತುತ್ತೆ ಅಂತ ನೀನು ಲಿಖಿತವಾಗಿ ಬರೀತಿದ್ದೀಯ.”

“ಹತ್ತಬಹುದು ಅಂತ, ಸಾರ್.”

“ಅವನನ್ನ ಬಂಧಿಸದೆ ಬಿಡೋಕೆ ಆಗಲ್ಲ. ದೂರು ಇದೆ, ತಪ್ಪೊಪ್ಪಿಗೆ ಇದೆ. ವಸ್ತುಸಂಗ್ರಹಾಲಯ ದೂರು ವಾಪಸ್ ತಗೊಳ್ಳುತ್ತಾ?”

“ಕೇಳಿದೆ. ನಿರ್ದೇಶಕರು ಒಪ್ಪಲಿಲ್ಲ. ವಾಪಸ್ ತಗೊಂಡ್ರೆ ತಪ್ಪು ತಮ್ಮದಾಗುತ್ತೆ ಅಂತ.”

“ಹೂಂ.” ಸೊನೊಡಾ ಒದ್ದೆ ಕೈಯನ್ನು ಅಂಗಿಗೆ ಒರೆಸಿಕೊಂಡು ಮುದ್ರೆ ತೆಗೆದ. ಒತ್ತಲು ಗಟ್ಟಿ ಜಾಗ ಹುಡುಕಿ, ಕೊನೆಗೆ ಅವಳ ಫೈಲನ್ನು ತನ್ನ ಮಂಡಿಯ ಮೇಲಿಟ್ಟುಕೊಂಡ. “ನೀನು ತುಂಬ ಯೋಚನೆ ಮಾಡ್ತೀಯ ಅಂತ ನಿನ್ನ ವಾರ್ಷಿಕ ವರದಿಯಲ್ಲಿ ಬರೆದಿದ್ದೆ. ದೋಷದ ಕಾಲಮ್ಮಿನಲ್ಲಿ.”

“ಓದಿದ್ದೀನಿ, ಸಾರ್.”

ಅವನು ಮುದ್ರೆ ಒತ್ತಿದ.

೫.೩೫ಕ್ಕೆ ಅವಳು ವಿಚಾರಣಾ ಕೋಣೆಗೆ ಬಂದು ಕಾಗದವನ್ನು ಇನಾಬೆಯ ಮುಂದಿಟ್ಟಳು. ಅವನು ಜೇಬಿನಿಂದ ಕನ್ನಡಕ ತೆಗೆದು ಮೊದಲಿನಿಂದ ಕೊನೆಯವರೆಗೆ ಓದಿದ. ಅವಸರ ಮಾಡಲಿಲ್ಲ. ಓದಿ ಮುಗಿಸಿ ಕಾಗದವನ್ನು ಎರಡೂ ಕೈಯಿಂದ ಹಿಂತಿರುಗಿಸಿದ.

“ಪೇರು ಸಂಘದ ಎರಡನೇ ಶೀತಲಗೃಹ. ಇಪ್ಪತ್ತನೇ ತಾರೀಕು ಹಣ್ಣು ಬರೋದು. ಅಲ್ಲೀವರೆಗೆ ಖಾಲಿ ಓಡಿಸಿ ತಂಪು ಮಾಡ್ತಿರ್ತಾರೆ. ಎಡಗಡೆ ಮೂಲೆ, ಮರದ ಪೆಟ್ಟಿಗೆ ಮೇಲೆ. ನಾಲ್ಕು ಡಿಗ್ರಿ.”

ಶೀತಲಗೃಹದ ಪಂಚನಾಮೆ ೬.೧೫ಕ್ಕೆ ಶುರುವಾಯಿತು. ಸಂಘದ ಮೇಲ್ವಿಚಾರಕಿ, ಅರವತ್ತು ದಾಟಿದ ದಪ್ಪ ಹೆಂಗಸು, ಬಾಗಿಲಿನ ಅಗುಳಿ ಎಳೆಯುತ್ತ ಉಕಾಯ್‌ನನ್ನು ಛೇಡಿಸಿದಳು. “ಕೋಟು ಹಾಕ್ಕೋ ತಮ್ಮಾ, ಒಳಗೆ ಹೋದ್ರೆ ಮೀಸೆ ಉದುರುತ್ತೆ. ಇನಾಬೆ ಅಣ್ಣ ಏನೋ ಡಬ್ಬಿ ಇಟ್ಕೋತೀನಿ ಅಂದ್ರು, ಇಟ್ಕೊಳ್ಳಿ ಅಂದೆ. ಉಪ್ಪಿನಕಾಯಿ ಅಂದ್ಕೊಂಡೆ ನಾನು.”

ಡಬ್ಬಿ ಹೇಳಿದ ಜಾಗದಲ್ಲೇ ಇತ್ತು. ಮುಚ್ಚಳವನ್ನು ಬಿಗಿಯಾಗಿ ಹಾಕಿರಲಿಲ್ಲ. ಗಾಳಿಯಾಡಲೆಂದು ಅಂಚಿಗೆ ಬೆಂಕಿಕಡ್ಡಿಯಷ್ಟು ತೆಳ್ಳನೆಯ ಮರದ ಸೀಳು ಸಿಕ್ಕಿಸಿತ್ತು. ಫೋನಿನಲ್ಲಿ ಅರಿಮೊರಿ ಹೇಳಿದಂತೆ ಕುರಾಮೊಚಿ ಹತ್ತಿಯ ಕೈಗವಸು ತೊಟ್ಟು ಮುಚ್ಚಳ ಎತ್ತಿದಳು. ಹೊರಗಿನ ಕೆಲವು ಸುತ್ತುಗಳು ಕಂದು ಪುಡಿಯಾಗಿದ್ದವು. ಒಳಗಿನದು ಇನ್ನೂ ನುಣುಪಾಗಿ ಹೊಳೆಯುತ್ತಿತ್ತು. ಅದರಲ್ಲಿ ಎಲ್ಲೋ ಒಬ್ಬ ಹೆಂಗಸು ಹಣೆ ಒರೆಸಿಕೊಳ್ಳುತ್ತಿದ್ದಾಳೆ. ಕುರಾಮೊಚಿ ಮುಚ್ಚಳವನ್ನು ಮೊದಲಿದ್ದಂತೆಯೇ ಇಟ್ಟು, ಸೀಳನ್ನು ಅದರ ಜಾಗಕ್ಕೆ ಸಿಕ್ಕಿಸಿದಳು. ‘ಜಪ್ತಿ ಮಾಡಲಾಗಿದೆ, ಇದ್ದಲ್ಲಿಯೇ ಇರಿಸಲಾಗಿದೆ, ಕಾವಲಿಗೆ ಕಾನ್ಸ್‌ಟೇಬಲ್ ಉಕಾಯ್’ ಎಂದು ಬರೆದು, ಅಗುಳಿಗೆ ಮೊಹರು ಹಾಕಿಸಿದಳು.

“ಕಾವಲು ಹೊರಗಿಂದ ತಾನೆ, ಮೇಡಂ?” ಎಂದ ಉಕಾಯ್.

ಸಂಜೆ ೬.೫೦ಕ್ಕೆ, ಶೀತಲಗೃಹದ ಮುಂದಿನ ಅಂಗಳದಲ್ಲಿ, ಇನಾಬೆ ಶುಸಾಕುವನ್ನು ಕಳ್ಳತನದ ಆರೋಪದ ಮೇಲೆ ಬಂಧಿಸಲಾಯಿತು. ಅವನು ಎರಡೂ ಕೈ ಮುಂದೆ ಚಾಚಿದ. 

“ಬೇಡಿ ಬೇಡ,” ಎಂದಳು ಕುರಾಮೊಚಿ.

ಮರುದಿನ, ಆಗಸ್ಟ್ ೧೩ರ ಬೆಳಿಗ್ಗೆ ೧೦ ಗಂಟೆಗೆ ಹೇಳಿಕೆ ದಾಖಲಾಯಿತು. ಕಡತ ಮಧ್ಯಾಹ್ನ ಸರಕಾರಿ ವಕೀಲರ ಕಚೇರಿಗೆ ಹೋಗಬೇಕಿತ್ತು. ದೋಷಾರೋಪ ಆಗದೇ ಉಳಿಯಬಹುದು ಎಂದು ಫೋನಿನಲ್ಲಿ ಆಗಲೇ ಸೂಚನೆ ಬಂದಿತ್ತು. ಟೋಕಿಯೋದಿಂದ ಅರಿಮೊರಿ ಶೀತಲ ಪೆಟ್ಟಿಗೆಯೊಂದಿಗೆ ರೈಲು ಹತ್ತಿದ್ದಳು. ಲ್ಯಾಬಿನವರು ಸರದಿಯನ್ನು ಅಕ್ಟೋಬರಿನಿಂದ ಈ ತಿಂಗಳಿಗೆ ತಂದಿದ್ದರು. ಅದನ್ನು ಕೇಳಿ ಇನಾಬೆ ಬಹಳ ಹೊತ್ತು ತಲೆ ಬಗ್ಗಿಸಿಕೊಂಡು ಕೂತಿದ್ದ.

ಕುರಾಮೊಚಿ ಬರೆದದ್ದನ್ನು ನಿಯಮದಂತೆ ಓದಿ ಹೇಳಿದಳು. ಆರೋಪಿಯ ಪೂರ್ವವೃತ್ತಾಂತದ ಭಾಗ ಬಂದಾಗ ಅವನು ಕೈ ಎತ್ತಿದ.

“‘ಆದೇಶ ಮೀರಿ ಮೂರನೆಯ ರೀಲನ್ನು ಬಚ್ಚಿಟ್ಟು ಉಳಿಸಿದೆ’ ಅಂತ ಓದಿದ್ರಲ್ಲ. ಅದು ತಪ್ಪು.”

“ಪೇಪರಿನಲ್ಲಿ ಹಾಗೇ ಬಂದಿದೆ.”

“ಅವರಿಗೂ ಹೇಳಿದೆ. ‘ಅಯ್ಯೋ, ಉಳಿಸೋದೇನು ಬಂತು, ಅಂಥದ್ದೇನೂ ನಾನು ಮಾಡಿಲ್ಲ’ ಅಂದೆ. ಎಲ್ಲರೂ ನಕ್ಕು ಚಪ್ಪಾಳೆ ತಟ್ಟಿದ್ರು. ಇನ್ನೊಂದು ಸಲ ಅಂದೆ. ಎಂಥ ವಿನಯ ಅಂತ ಮೇಯರ್ರು ಕೈ ಹಿಡ್ಕೊಂಡ್ರು. ನಮ್ಮಲ್ಲಿ ಹೊಗಳಿಸಿಕೊಂಡವನು ಅಲ್ಲ ಅಂದ್ರೆ ಯಾರು ನಂಬ್ತಾರೆ? ಅಲ್ಲ ಅಂದಷ್ಟೂ ಹೌದಾಗುತ್ತೆ.”

“ನಡೆದದ್ದೇನು?”

“ಐವತ್ನಾಲ್ಕನೇ ಇಸವಿ ನವೆಂಬರ್. ನನಗೆ ಇಪ್ಪತ್ತೈದು. ಹಳೇ ಫಿಲ್ಮು ಅಪಾಯ, ಸುಟ್ಟು ಮುಗಿಸು ಅಂತ ಯಜಮಾನರು ಅಂದ್ರು. ಕೈಗಾಡಿಯಲ್ಲಿ ಉಪ್ಪಿನ ದಡಕ್ಕೆ ಹೇರಿಕೊಂಡು ಹೋದೆ. ಮಧ್ಯಾಹ್ನ ಎರಡಕ್ಕೆ ಶುರು ಮಾಡಿದೆ. ಒಂದು, ಎರಡು, ಆಮೇಲೆ ನಾಲ್ಕು. ಮೂರನೇದರ ಮುಚ್ಚಳ ತುಕ್ಕು ಹಿಡಿದು ಬಿಗಿದುಕೊಂಡಿತ್ತು, ಬರಲೇ ಇಲ್ಲ. ಐದಾಯ್ತು, ಕತ್ತಲಾಗ್ತಿತ್ತು, ಹಸಿವಾಗಿತ್ತು. ನಾಳೆ ಉಳಿ ತಂದು ತೆಗೆದ್ರಾಯ್ತು ಅಂತ ಚಿತ್ರಮಂದಿರಕ್ಕೆ ವಾಪಸು ಒಯ್ದು ವೇದಿಕೆ ಕೆಳಗೆ ತಳ್ಳಿದೆ. ಮರುದಿನ ಏನೋ ಬೇರೆ ಕೆಲಸ ಬಂತು.” ಅವನು ಕುರಾಮೊಚಿಯ ಮುಂದಿದ್ದ ಹಾಳೆಯತ್ತ ಬೆರಳು ತೋರಿಸಿದ. “ಉಳಿಸಿದೆ ಅಂತ ಬರೀಬೇಡಿ. ಮರೆತೆ ಅಂತ ಬರೀರಿ.”

ಕುರಾಮೊಚಿ ‘ಬಚ್ಚಿಟ್ಟು ಉಳಿಸಿದೆ’ ಎಂಬುದರ ಮೇಲೆ ಗೆರೆ ಎಳೆದು ‘ಮರೆತೆ’ ಎಂದು ಬರೆದಳು.

“ಈಗ ಕದ್ದದ್ದು ಅದಕ್ಕಾ?”

“ಆ ಪ್ರಶಸ್ತಿಪತ್ರವನ್ನ ಚಿಯೊನೊ ಚೌಕಟ್ಟು ಹಾಕಿಸಿ ಗೋಡೆಗೆ ತೂಗುಹಾಕಿದ್ದಾಳೆ. ಊಟಕ್ಕೆ ಕೂತ್ರೆ ಅದು ಎದುರಿಗೇ. ಒಂದು ಸಲವಾದ್ರೂ ಅದರಲ್ಲಿ ಬರೆದಿರೋದು ನಿಜ ಆಗಲಿ ಅನ್ನಿಸ್ತು.” ಆಮೇಲೆ ಕೇಳಿದ, “ಇನ್ಸ್‌ಪೆಕ್ಟರಮ್ಮ, ಆ ಮೂರು ರೀಲು ಸುಟ್ಟದ್ದು ಯಾವ ಕಲಮಿಗೆ ಬರುತ್ತೆ?”

“ಯಾವುದಕ್ಕೂ ಬರಲ್ಲ. ಆಗ ಅದು ಆದೇಶವೇ ಆಗಿತ್ತು.”

“ಆದ್ರೂ ಬರ್ಕೊಳ್ಳಿ.”

ಹೇಳಿಕೆಗೆ ಅದರ ಅಗತ್ಯವಿರಲಿಲ್ಲ. ಕುರಾಮೊಚಿ ಹೊಸ ಹಾಳೆ ತೆಗೆದುಕೊಂಡಳು. ‘೧೯೫೪ನೇ ಇಸವಿ, ನವೆಂಬರ್ ತಿಂಗಳು. ಮಧ್ಯಾಹ್ನ ಸುಮಾರು ಎರಡರಿಂದ ಐದರವರೆಗೆ. ಸ್ಥಳ: ಉಪ್ಪಿನ ದಡ. ಒಂದನೆಯ, ಎರಡನೆಯ, ನಾಲ್ಕನೆಯ ರೀಲು.’ ಕಲಮಿನ ಸಂಖ್ಯೆ ಬರೆಯುವ ಜಾಗವನ್ನು ಖಾಲಿ ಬಿಟ್ಟಳು. ಬರೆದದ್ದನ್ನು ಓದಿ ಹೇಳಿದಳು. ಈ ಸಲ ಅವನು ಏನನ್ನೂ ತಿದ್ದಲಿಲ್ಲ. ಸಹಿ ಮಾಡಿ, ಮಸಿಯ ಡಬ್ಬಿಯನ್ನು ತಾನೇ ಹತ್ತಿರಕ್ಕೆ ಎಳೆದುಕೊಂಡು ಹೆಬ್ಬೆರಳು ಅದ್ದಿದ.